ತ್ವೇರ್ ಊರಿನ ಬಗ್ಗೆ ಓದಕ್ಕೆ ಪುಸ್ತಕ ಯಾವ್ದಿದೆ? (ರಷ್ಯಾದ ವೋಲ್ಗಾ ಹೊಳೆ ದಡದ್ದು, ನಿಕಿತಿನ್ ಊರು)

ಕೆರೆದಂಡೆ:
ಎಲ್ರಿಗೂ ನಮಸ್ಕಾರ. ಹೋದ ತಿಂಗಳು ಬೀದರಿಗೆ ಹೋಗಿದ್ದೆ, ಕೋಟೆ ಎಲ್ಲ ಸುತ್ತಿ ಸುಸ್ತಾಗಿ ಗಾವಾನ್ ಮದರಸಾ ಮುಂದೆ ಕೂತಿದ್ದಾಗ ಜೊತೆಲಿದ್ದವರು ನಿಕಿತಿನ್ ಕಥೆ ತೆಗೆದ್ರು, ವಾಸ್ಕೋ ಡ ಗಾಮಾ ಬರೋಕೆ ಇಪ್ಪತ್ತೈದು ಮೂವತ್ತು ವರ್ಷ ಮುಂಚೆನೇ ರಷ್ಯಾದಿಂದ ಒಬ್ಬ ವ್ಯಾಪಾರಿ ಇಲ್ಲಿ ಬಂದಿದ್ದ ಅಂತ. ಸ್ಕೂಲಲ್ಲಿ ನಿಕೊಲೊ ಕೊಂಟಿ, ಅಬ್ದುಲ್ ರಜಾಕ್, ನಿಕಿತಿನ್ ಅಂತ ಒಂದೇ ಉಸಿರಲ್ಲಿ ಬಾಯಿಪಾಠ ಮಾಡಿದ್ದು ಬಿಟ್ರೆ ನಂಗೇನೂ ಗೊತ್ತಿರ್ಲಿಲ್ಲ. ಮನೆಗೆ ಬಂದು ಹುಡುಕ್ತಾ ಕೂತೆ. ಬೀದರ್ ಬಗ್ಗೆ ಅವನು ಏನ್ ಬರ್ದ ಅನ್ನೋದು ಬೇಕಾದಷ್ಟು ಸಿಗತ್ತೆ, ನಂಗೆ ಬೇಕಿರೋದು ಅದರ ಉಲ್ಟಾ. ಅವನ ಊರು ತ್ವೇರ್. ಆ ಊರು ಆಗ ಹೆಂಗಿತ್ತು, ಯಾರ ಆಳ್ವಿಕೆ, ಅಲ್ಲಿಂದ ಒಬ್ಬ ಸರಕು ಕಟ್ಕೊಂಡು ಹೊರಡೋದು ಅಂದ್ರೆ ಏನರ್ಥ, ಇದಕ್ಕೆ ಏನ್ ಓದ್ಬೇಕು? ಇಂಗ್ಲಿಷ್ ಪರ್ವಾಗಿಲ್ಲ, ರಷ್ಯನ್ ಬರಲ್ಲ.

ಹಳೆಪುಟ:
ಒಳ್ಳೆ ಪ್ರಶ್ನೆ ಸಾರ್. ಮೊದಲು ಒಂದು ಮಾತು, "ರಷ್ಯಾದ ವ್ಯಾಪಾರಿ" ಅನ್ನೋದನ್ನ ಸ್ವಲ್ಪ ಪಕ್ಕಕ್ಕಿಡಿ. ಅವನು ಹೊರಟಾಗ ತ್ವೇರ್ ಮಾಸ್ಕೋ ಕೈಕೆಳಗೆ ಇರ್ಲಿಲ್ಲ, ಅದೇ ಬೇರೆ ಸಂಸ್ಥಾನ, ಅದಕ್ಕೆ ಅದರದ್ದೇ ಮಹಾರಾಜ, ಮಿಖಾಯಿಲ್ ಬೊರಿಸೊವಿಚ್ ಅಂತ. ನಿಕಿತಿನ್ ಕೈಲಿದ್ದ ರಹದಾರಿ ಪತ್ರ ಅವನದ್ದು. ನಿಕಿತಿನ್ ಸತ್ತು ಹತ್ತು ಹನ್ನೆರಡು ವರ್ಷ ಆಗೋಷ್ಟರಲ್ಲಿ, 1485ರಲ್ಲಿ, ಮಾಸ್ಕೋದ ಮೂರನೇ ಇವಾನ್ ಬಂದು ತ್ವೇರನ್ನ ನುಂಗಿದ, ಆ ಮಿಖಾಯಿಲ್ ಲಿಥುವೇನಿಯಾಗೆ ಓಡಿಹೋದ. ಅಂದ್ರೆ ನಾವು ಓದೋದು ಆಮೇಲೆ ಇಲ್ಲವಾದ ಒಂದು ರಾಜ್ಯದ ಪ್ರಜೆ ಬರೆದದ್ದು.

ಪುಸ್ತಕಕ್ಕೆ ಬಂದ್ರೆ, ತ್ವೇರ್ ಒಂದರ ಮೇಲೇ ಇಂಗ್ಲಿಷಲ್ಲಿ ಹುಡುಕಿದ್ರೆ ಕೈಗೆ ಹೆಚ್ಚು ಸಿಗಲ್ಲ, ಸುತ್ತಿ ಬಳಸಿ ಹೋಗ್ಬೇಕು. ಜಾನ್ ಫೆನ್ನೆಲ್ ಅವರ ದಿ ಎಮರ್ಜೆನ್ಸ್ ಆಫ್ ಮಾಸ್ಕೋ, 1968ರದ್ದು, 1304ರಿಂದ 1359ರವರೆಗಿನ ಕಥೆ. ಹೆಸರಲ್ಲಿ ಮಾಸ್ಕೋ ಇದ್ರೂ ಅರ್ಧ ಪುಸ್ತಕ ತ್ವೇರ್ದೇ, ಯಾಕಂದ್ರೆ ಆ ಐವತ್ತು ವರ್ಷ ಇಬ್ಬರೂ ರಷ್ಯಾದ ರಾಜರಿಗೆಲ್ಲ ಹಿರಿಯ ಅನ್ನೋ ಒಂದೇ ಪಟ್ಟಕ್ಕೆ ಹೊಡೆದಾಡಿದ್ದು. ಓದಕ್ಕೆ ಒಣ, ಮೊದಲೇ ಹೇಳ್ಬಿಡ್ತೀನಿ. ಅಷ್ಟು ತಾಳ್ಮೆ ಇಲ್ಲ ಅಂದ್ರೆ ಜಾನೆಟ್ ಮಾರ್ಟಿನ್ ಅವರ ಮೀಡೀವಲ್ ರಷ್ಯಾ, 980ರಿಂದ 1584ರವರೆಗೆ, ಪಾಠಪುಸ್ತಕದ ಥರ ಇದೆ ಆದ್ರೆ ಗಟ್ಟಿ.

ಬೀದರ್_ಬಿಸಿಲು:
ನಮ್ಮೂರಿಗೆ ಬಂದು ಹೋದ್ರಿ ಅಂದ್ರ ಭಾಳ ಖುಷಿ ಆಯ್ತ್ರಿ. ನನಗ ತ್ವೇರ್ ಗೊತ್ತಿಲ್ಲ ಖರೆ, ನಿಕಿತಿನ್ ಮಾತ್ರ ಪಾಠ ಆಗ್ಯಾನ. ಸುಲ್ತಾನನ ಅರಮನಿಗಿ ಏಳು ಬಾಗಿಲಾ, ಒಂದೊಂದು ಬಾಗಿಲದಾಗ ನೂರು ಕಾವಲದವರು, ನೂರು ಮಂದಿ ಲೆಕ್ಕಾ ಬರಿಯವರು, ಯಾರು ಬಂದ್ರು ಯಾರು ಹೋದ್ರು ಎಲ್ಲಾ ಬರ್ಕೊಳ್ತಾರ ಅಂತ ಬರ್ದಾನ. ರಾತ್ರಿ ಕೋತ್ವಾಲನ ಮಂದಿ ದೀವಟಿಗಿ ಹಿಡ್ಕೊಂಡು ಕುದುರಿ ಮ್ಯಾಲ ಗಸ್ತು ತಿರಗತಿದ್ರಂತ. ಬೀದಿಯೊಳಗ ಹಾವು ಹರ್ದಾಡ್ತಾವ ಅಂತನೂ ಬರ್ದಾನ, ಅದು ಈಗೂ ಸುಳ್ಳಲ್ರಿ 😄

ಇನ್ನೊಂದು, ಊರಿನ ಸಾಹುಕಾರರು ಭಾಳ ಸಿರಿವಂತರು, ಹಳ್ಳಿ ಮಂದಿ ಭಾಳ ಬಡವರು ಅಂತ ನೇರವಾಗಿ ಬರ್ದ ಮನಷ್ಯಾ ಅವ. ನಮ್ಮ ದರ್ಬಾರಿನ ಇತಿಹಾಸಕಾರರು ಈ ಮಾತು ಇಷ್ಟು ಸಲೀಸಾಗಿ ಹೇಳಂಗಿಲ್ಲ.

ಕಡಲತಡಿ:
ವಾಸ್ಕೋ ಡ ಗಾಮಾ ಹೋಲಿಕೆ ಎಲ್ಲಿಂದ ಬಂತು ಗೊತ್ತುಂಟಾ? ಕರಮ್‌ಜಿನ್ ಅಂತ ರಷ್ಯಾದ ಇತಿಹಾಸಕಾರ, ಮಾಸ್ಕೋ ಹತ್ರದ ಟ್ರಿನಿಟಿ ಮಠದ ಪುಸ್ತಕ ಭಂಡಾರದಲ್ಲಿ ನಿಕಿತಿನ್ ಪ್ರವಾಸದ ಬರಹದ ಹಸ್ತಪ್ರತಿ ಅವರ ಕಣ್ಣಿಗೆ ಬಿದ್ದದ್ದು, ಆಗ ಅವರು ಬರೆದ್ರು, ಗಾಮಾ ಇನ್ನೂ ದಾರಿ ಯೋಚನೆ ಮಾಡ್ತಾ ಇದ್ದಾಗಲೇ ನಮ್ಮ ತ್ವೇರಿನವ ಮಲಬಾರ್ ತೀರದಲ್ಲಿ ವ್ಯಾಪಾರ ಮಾಡ್ತಿದ್ದ ಅಂತ. ಮಾರಾಯ್ರೆ, ಮಲಬಾರ್ ಎಲ್ಲಿಂದ ಬಂತು? ಅವ ಇಳಿದದ್ದು ಚೌಲ್, ವಾಪಸ್ ಹಡಗು ಹತ್ತಿದ್ದು ದಾಭೋಲ್, ಎರಡೂ ಕೊಂಕಣ. ಹೆಮ್ಮೆ ಬಂದಾಗ ಭೂಗೋಳ ಮೊದಲು ಹೋಗ್ತದೆ.

ಡಾಕ್ಟ್ರಮ್ಮ:
ನಾನು ಸಾಮಾನ್ಯವಾಗಿ ಸುಮ್ಮನೆ ಓದ್ಕೊಂಡು ಹೋಗೋಳು, ಇವತ್ತು ಬರೀಲೇಬೇಕು. ನಾನು ಆರು ವರ್ಷ ತ್ವೇರಲ್ಲಿ ಮೆಡಿಕಲ್ ಓದಿದ್ದು! ನಮ್ಮ ಕಡೆ ಹುಡುಗರು ಅಲ್ಲಿ ಬೇಜಾನ್ ಇದ್ರು, ಮಾಸ್ಕೋದಿಂದ 170 ಕಿಲೋಮೀಟರ್ ಇರ್ಬೋದು, ಪೀಟರ್ಸ್‌ಬರ್ಗ್ ಲೈನಲ್ಲೇ. ಊರಲ್ಲಿ ಮೂರು ಹೊಳೆ ಸೇರುತ್ತೆ, ವೋಲ್ಗಾ, ತ್ವೆರ್ತ್ಸಾ, ತ್ಮಾಕಾ. ಚಳಿಗಾಲದಲ್ಲಿ ವೋಲ್ಗಾ ಹೆಪ್ಪುಗಟ್ಟಿ ಜನ ಅದರ ಮೇಲೆ ಸ್ಟೂಲ್ ಹಾಕ್ಕೊಂಡು ತೂತು ಕೊರೆದು ಮೀನು ಹಿಡಿಯೋರು, ಮೊದಲ ವರ್ಷ ನೋಡಿ ನನಗೆ ಎದೆ ಧಸಕ್ ಅಂತಿತ್ತು.

ನಿಕಿತಿನ್ ಸ್ಟ್ಯಾಚು ಹೊಳೆ ದಡದಲ್ಲೇ ಇದೆ, 1955ರದ್ದು, ಕೆಳಗೆ ದೋಣಿ, ದೋಣಿ ಮೂತಿಗೆ ಕುದುರೆ ತಲೆ. ಅಲ್ಲಿನೋರು ಒಂದು ಕಥೆ ಹೇಳ್ತಾರೆ, ನೆಹರು ಬಂದಾಗ ನಿಕಿತಿನ್‌ಗೆ ಸ್ಮಾರಕ ಇದೆಯಾ ಅಂತ ಕೇಳಿದ್ರಂತೆ, ಕ್ರುಶ್ಚೆವ್ ಇಲ್ಲ ಅನ್ನಕ್ಕಾಗದೆ ಇದೆ ಅಂದ್ಬಿಟ್ಟು ಆಮೇಲೆ ಅರ್ಜೆಂಟಾಗಿ ಕಟ್ಸಿದ್ರಂತೆ. ಬರೀ ಊರ ಮಾತು, ಆದ್ರೆ ಇಂಡಿಯಾದೋರು ಅಂದ ತಕ್ಷಣ ಇದನ್ನ ಹೇಳ್ದೆ ಬಿಡಲ್ಲ.

ಹಳೇ ಊರು ನೋಡ್ತೀನಿ ಅಂತ ಹೋದ್ರೆ ಮಾತ್ರ ನಿರಾಸೆ. 1763ರಲ್ಲಿ ಬೆಂಕಿ ಬಿದ್ದು ಊರಿಗೆ ಊರೇ ಸುಟ್ಟುಹೋಯ್ತು, ಆಮೇಲೆ ಕ್ಯಾಥರಿನ್ ರಾಣಿ ಹೊಸ ಪ್ಲಾನ್ ಹಾಕ್ಸಿ ನೇರ ನೇರ ಬೀದಿ ಮಾಡ್ಸಿದ್ಳು, ಚೆನ್ನಾಗೇ ಇದೆ, ಆದ್ರೆ ನಿಕಿತಿನ್ ಕಂಡ ಊರಲ್ಲ. ರಾಜರ ಕಾಲದ ದೊಡ್ಡ ಚರ್ಚ್ ಇದ್ದ ಜಾಗದಲ್ಲಿ ಆಮೇಲೆ ಕಟ್ಟಿದ್ದನ್ನೂ 1935ರಲ್ಲಿ ಸೋವಿಯತ್ತಿನೋರು ಸಿಡಿಸಿದ್ರು. 1931ರಿಂದ 1990ರವರೆಗೆ ಹೆಸರೂ ತ್ವೇರ್ ಅಲ್ಲ, ಕಲಿನಿನ್. ನಮ್ಮ ಕೆಲವು ಹಳೇ ಟೀಚರ್‌ಗಳು ಮಾತಿನ ಭರದಲ್ಲಿ ಕಲಿನಿನ್ ಅಂದ್ಬಿಡೋರು.

ಕೆರೆದಂಡೆ:
ಅಯ್ಯೋ ಇಷ್ಟೊಂದು ಬರತ್ತೆ ಅಂತ ಅಂದ್ಕೊಂಡೇ ಇರ್ಲಿಲ್ಲ, ಥ್ಯಾಂಕ್ಸ್ ಎಲ್ರಿಗೂ. ಮೇಡಂ, ಹಂಗಾದ್ರೆ ಆ ಕಾಲದ ತ್ವೇರ್ ಬರೀ ಪುಸ್ತಕದಲ್ಲಿ ಮಾತ್ರ ಉಳಿದಿರೋದಾ?

ಡಾಕ್ಟ್ರಮ್ಮ:
ಹೆಚ್ಚುಕಮ್ಮಿ ಹಂಗೇ. ಮ್ಯೂಸಿಯಂಲಿ ಒಂದಷ್ಟು ಸಾಮಾನಿದೆ. ಉಳಿದದ್ದು ಪುಸ್ತಕದಲ್ಲೇ.

ಹಳೆಪುಟ:
ಆ ಪುಸ್ತಕಗಳಲ್ಲಿ ಒಂದು ಚಿಕ್ಕ ಪ್ರಸಂಗ ಇದೆ, ಇದನ್ನ ಹೇಳದೆ ತ್ವೇರ್ ಅರ್ಥ ಆಗಲ್ಲ. 1318ರಲ್ಲಿ ತ್ವೇರಿನ ಮಿಖಾಯಿಲ್ ಯಾರೊಸ್ಲಾವಿಚ್ ಅನ್ನೋ ರಾಜನನ್ನ ಮಂಗೋಲರ ಬೀಡಿಗೆ, ಅಂದ್ರೆ ಗೋಲ್ಡನ್ ಹೋರ್ಡ್‌ಗೆ ಕರೆಸಿ ಕೊಂದ್ರು, ಮಾಸ್ಕೋದ ಯೂರಿ ಚಾಡಿ ಹೇಳಿ ಕೊಲ್ಲಿಸಿದ್ದು. ಮಿಖಾಯಿಲ್ ಮಗ ಹೋಗಿ ಅದೇ ಖಾನನ ಬೀಡಲ್ಲಿ ಯೂರಿನ ಕಡಿದ, ಅವನ ತಲೆಯೂ ಹೋಯ್ತು. ಆಮೇಲೆ 1327ರಲ್ಲಿ ಖಾನನ ಸಂಬಂಧಿ ಚೋಲ್ ಖಾನ್ ಅನ್ನೋನು ತ್ವೇರಿಗೆ ಬಂದು ಅರಮನೆಲೇ ಕೂತ. ಊರೋರು ಒಳಗೊಳಗೇ ಕುದೀತಿದ್ರು. ಆಗಸ್ಟ್ 15, ಮಾತೆ ಮೇರಿ ಹಬ್ಬದ ದಿನ ಬೆಳಗ್ಗೆ, ಡುಡ್ಕೊ ಅಂತ ಅಡ್ಡಹೆಸರಿನ ಒಬ್ಬ ಚರ್ಚಿನ ಸೇವಕ ತನ್ನ ಹೆಣ್ಣುಗುದುರೆನ ವೋಲ್ಗಾಗೆ ನೀರು ಕುಡಿಸಕ್ಕೆ ಹೊಡ್ಕೊಂಡು ಹೊರಟಿದ್ದಾನೆ. ಎಳೇ ಕುದುರೆ, ಮೈ ತುಂಬ್ಕೊಂಡಿತ್ತು ಅಂತ ಕ್ರಾನಿಕಲ್ (ಆ ಕಾಲದ ವರ್ಷಾವಾರು ದಾಖಲೆ) ಬರ್ದೋನು ಬಿಡದೆ ಹೇಳ್ತಾನೆ. ತಾತಾರರು, ಅಂದ್ರೆ ಖಾನನ ಕಡೆಯವರು, ನೋಡಿ ಕಿತ್ಕೊಂಡ್ರು. ಅವನು ತ್ವೇರಿನ ಜನಗಳೇ ಬಿಡಬೇಡ್ರೋ ಅಂತ ಕೂಗ್ಕೊಂಡ. ಅಷ್ಟೇ, ಗಂಟೆ ಬಾರಿಸಿದ್ರು, ಊರು ಎದ್ದು ನಿಂತ್ತು, ಸಿಕ್ಕ ಸಿಕ್ಕ ತಾತಾರರನ್ನ ಕೊಂದ್ರು, ಚೋಲ್ ಖಾನನೂ ಉಳೀಲಿಲ್ಲ. ಮಾಸ್ಕೋದ ಇವಾನ್ ಕಲಿತಾ ಏನ್ ಮಾಡ್ದ? ಹೋರ್ಡ್ ಸೈನ್ಯದ ಜೊತೆ ಸೇರ್ಕೊಂಡು ಬಂದು ತ್ವೇರನ್ನ ಹಾಳುಗೆಡವಿದ, ಮುಂದೆ ಪಟ್ಟ ಅವನ ಮನೆಗೇ ಹೋಯ್ತು. ಒಂದು ಕುದುರೆ ಸಾರ್.

ಬೀದರ್_ಬಿಸಿಲು:
ತಡೀರಿ ತಡೀರಿ. ಕುದುರಿ ಕಸ್ಕೊಂಡ್ರು ಅಂದ್ರಲ್ಲ, ನಿಕಿತಿನ್‌ಗೂ ಅದೇ ಆಗ್ಯದಲ್ರಿ! ಅವ ಒಂದು ಗಂಡು ಕುದುರಿ ತಂದಿದ್ದ ಮಾರ್ಲಿಕ್ಕ, ಈ ದೇಶದಾಗ ಕುದುರಿ ಹುಟ್ಟಂಗಿಲ್ಲ ಅಂತ ಅವನೇ ಬರ್ದಾನ, ಹಂಗಾಗಿ ಒಳ್ಳೆ ರೇಟ್ ಸಿಗ್ತದ ಅಂತ. ಜುನ್ನಾರದಾಗ ಅಸದ್ ಖಾನ್ ಅನ್ನವ ಕುದುರಿ ಹಿಡ್ಕೊಂಡ. ನಮ್ಮ ಧರ್ಮಕ್ಕ ಬಾ, ಕುದುರಿನೂ ಕೊಡ್ತೀನಿ ಸಾವಿರ ಹೊನ್ನೂ ಕೊಡ್ತೀನಿ, ಬರಂಗಿಲ್ಲ ಅಂದ್ರ ಕುದುರಿನೂ ಹೋಯ್ತು ನಿನ್ನ ತಲಿಗಿ ಸಾವಿರ ಹೊನ್ನೂ ತಗೊಳ್ತೀನಿ ಅಂದ. ನಾಲ್ಕು ದಿನ ಗಡವು. ಕಡಿಗೆ ಖುರಾಸಾನದ ಒಬ್ಬ ಖ್ವಾಜಾ ಮುಹಮ್ಮದ್ ನಡುವ ಬಂದು ಕುದುರಿ ಬಿಡಿಸಿ ಕೊಟ್ಟ.

ಕೆರೆದಂಡೆ:
ಒಂದು ನಿಮಿಷ. ಇಂಗ್ಲಿಷ್ ಅನುವಾದ ತೆಗ್ದು ನೋಡ್ದೆ ಈಗ. ಆ ನಾಲ್ಕು ದಿನದ ಗಡುವು ಬಂದಿದ್ದು ಮೇರಿ ಹಬ್ಬಕ್ಕೆ ಮುಂಚೆ ಮಾಡೋ ಉಪವಾಸದ ದಿನಗಳಲ್ಲಿ ಅಂತ ಅವನೇ ಬರ್ದಿದ್ದಾನೆ!! ಅಂದ್ರೆ ಡುಡ್ಕೊ ಕುದುರೆ ಕಳ್ಕೊಂಡ ಹಬ್ಬನೇ. ತ್ವೇರಲ್ಲಿ ಬೆಳೆದ ಯಾವನಿಗೂ ಆ ಹಬ್ಬ, ಆ ಕುದುರೆ ಗೊತ್ತಿಲ್ಲದೆ ಇರತ್ತಾ? ಜುನ್ನಾರಲ್ಲಿ ಒಬ್ಬನೇ ಕೂತು ಅವನು ಏನ್ ಯೋಚನೆ ಮಾಡಿರ್ಬೇಕು.

ಸುಮ್ನೆಓದುಗ:
ಚೆನ್ನಾಗಿದೆ, ಆದ್ರೆ ಸ್ವಲ್ಪ ಬ್ರೇಕ್ ಹಾಕಿ ಗುರು. ಅವನು ಡುಡ್ಕೊ ಹೆಸರು ಎಲ್ಲೂ ಎತ್ತಲ್ಲ. ನೂರೈವತ್ತು ವರ್ಷ ಹಳೇ ಗಲಾಟೆ. ಹಬ್ಬದ ಹೆಸರಲ್ಲಿ ದಿನ ಹೇಳೋದು ಆಗಿನ ರೂಢಿ, ನಮ್ಮಜ್ಜಿ ಗೌರಿ ಹಬ್ಬದ ಹಿಂದಿನ ವಾರ ಅಂತಿದ್ರಲ್ಲ ಹಂಗೆ. ಎರಡು ಕುದುರೆನ ಒಂದೇ ಗಾಡಿಗೆ ಕಟ್ಟಿದ್ದು ನಾವು.

ಹಳೆಪುಟ:
ಕಟ್ಟಿದ್ದು ನಾವೇ, ಒಪ್ದೆ. ಆದ್ರೂ ಬಿಡಿಸಕ್ಕೆ ಮನಸ್ಸು ಬರ್ತಿಲ್ಲ 🙂

ಕಡಲತಡಿ:
ಕುದುರೆಗಿಂತ ನನಗೆ ಹೊಟ್ಟೆಗೆ ತಾಗಿದ್ದು ಬೇರೆ ಜಾಗ. ಅವ ವೋಲ್ಗಾದಲ್ಲಿ ಕೆಳಗೆ ಹೋಗ್ತಾ, ಕಲ್ಯಾಜಿನ್, ಉಗ್ಲಿಚ್, ಕೊಸ್ತ್ರೊಮಾ, ನಿಜ್ನಿ ನೊವ್ಗೊರೊದ್, ಅಲ್ಲಿ ಎರಡು ವಾರ ಕಾದ ಶಿರ್ವಾನದ (ಕ್ಯಾಸ್ಪಿಯನ್ ದಡದ ಒಂದು ರಾಜ್ಯ) ರಾಯಭಾರಿಗೆ, ಆ ರಾಯಭಾರಿ ಮಾಸ್ಕೋದಿಂದ 90 ಬೇಟೆ ಹಕ್ಕಿ ತಗೊಂಡು ಊರಿಗೆ ಹೋಗ್ತಾ ಇದ್ದದ್ದು, ಅವರ ಜೊತೆ ಹೋದ್ರೆ ಸೇಫ್ ಅಂತ. ಸೇಫ್ ಎಂತದ್ದು, ವೋಲ್ಗಾ ಸಮುದ್ರ ಸೇರುವ ಕಡೆ ಆಸ್ಟ್ರಖಾನ್ ಹತ್ರ ತಾತಾರರು ಬಂದು ಲೂಟಿ ಮಾಡಿದ್ರು. ಹೋದ ಸಾಮಾನಿನಲ್ಲಿ ಅವನ ಪುಸ್ತಕಗಳೂ ಸೇರಿದ್ವು. ಊರಿಂದ ಪುಸ್ತಕ ತಂದಿದ್ದೆ, ದೋಚಿದಾಗ ಅವೂ ಹೋದ್ವು, ಈಗ ಈಸ್ಟರ್ ಯಾವತ್ತು ಅಂತ ಲೆಕ್ಕ ಹಾಕ್ಲಿಕ್ಕೆ ಗೊತ್ತಾಗುದಿಲ್ಲ ಅಂತ ಮತ್ತೆ ಮತ್ತೆ ಹೇಳ್ತಾನೆ. ಸರಕು ಹೋದದ್ದಕ್ಕಿಂತ ಇದನ್ನೇ ಹೆಚ್ಚು ಅತ್ತುಕೊಂಡಿದ್ದಾನೆ. ಕೊನೆಗೆ ಇಲ್ಲಿಯ ಮುಸ್ಲಿಮರ ಹಬ್ಬ ನೋಡಿ ತನ್ನ ಉಪವಾಸ ಹಿಡಿದ.

ಸುಮ್ನೆಓದುಗ:
ಹೌದು, ಅದಕ್ಕೇ ಅವನು ಮತಾಂತರ ಆಗಿದ್ನಾ ಇಲ್ವಾ ಅಂತ ವಿದ್ವಾಂಸರು ಇನ್ನೂ ಜಗಳ ಆಡ್ತಾರೆ. ಬರಹ ಮುಗಿಯೋದು ಅರಬ್ಬಿ ಪ್ರಾರ್ಥನೆಲಿ. ನಡುವೆ ನಡುವೆ ತುರ್ಕಿ, ಫಾರ್ಸಿ ಕಲೆಸಿದ ಬಾಜಾರ್ ಭಾಷೆ. ಊರೋರ ಕಣ್ಣಿಗೆ ಬೀಳಬಾರದ ಮಾತೆಲ್ಲ ಆ ಭಾಷೆಲೇ ಇದೆ, ಹೆಂಗಸರ ರೇಟು, ರುಸ್ ನೆಲದಲ್ಲಿ (ತನ್ನ ನಾಡಲ್ಲಿ) ಸಾಹುಕಾರರಿಂದ ನ್ಯಾಯ ಸಿಗಲ್ಲ ಅನ್ನೋ ಮಾತು, ಎಲ್ಲ. ಸೋವಿಯತ್ ಕಾಲದಲ್ಲಿ ಅವನನ್ನ ದೇಶಪ್ರೇಮಿ, ಜನಸ್ನೇಹಿ ಅಂತ ಗೊಂಬೆ ಮಾಡಿದ್ರು, 1957ರ ಪರದೇಸಿ ಸಿನಿಮಾದಲ್ಲಂತೂ ನರ್ಗಿಸ್ ಜೊತೆ ಲವ್ ಸ್ಟೋರಿನೂ ಬಂತು. ಪಠ್ಯದಲ್ಲಿ ಇರೋನು ಬೇರೆ. ನಾಯಿಗಳು ನಂಗೆ ಸುಳ್ಳು ಹೇಳಿದ್ರು, ನಮ್ಮೂರಿಗೆ ಬೇಕಾದ ಮಾಲು ಇಲ್ಲಿ ಒಂದೂ ಇಲ್ಲ, ಮೆಣಸು ಬಣ್ಣ ಅಗ್ಗ ಆದ್ರೆ ಸುಂಕ ಜಾಸ್ತಿ, ಸಮುದ್ರದಲ್ಲಿ ಕಳ್ಳರು, ಅಂತ ಗೊಣಗೋ ನಷ್ಟದ ವ್ಯಾಪಾರಿ. ನಂಗೆ ಇವನೇ ಇಷ್ಟ.

ಹಳೆಪುಟ:
ಅನುವಾದ ಬೇಕಾದೋರಿಗೆ: ಹಕ್ಲೂಟ್ ಸೊಸೈಟಿಯವರು 1857ರಲ್ಲಿ ತಂದ ಇಂಡಿಯಾ ಇನ್ ದಿ ಫಿಫ್ಟೀಂತ್ ಸೆಂಚುರಿ ಅನ್ನೋ ಸಂಗ್ರಹದಲ್ಲಿದೆ, ಅದರಲ್ಲೇ ಕೊಂಟಿ, ರಜಾಕ್ ಕೂಡ ಇದ್ದಾರೆ, ಅಂದ್ರೆ ನಮ್ಮ ಬಾಯಿಪಾಠದ ಪಟ್ಟಿ ಪೂರ್ತಿ. ಕಾಪಿರೈಟ್ ಮುಗಿದಿದೆ, ನೆಟ್ಟಲ್ಲಿ ಫ್ರೀಯಾಗಿ ಸಿಗತ್ತೆ. ಭಾಷೆ ಹಳೇದು, ಕೆಲವು ಕಡೆ ಅನುವಾದಕ ನಾಚ್ಕೊಂಡು ಸಾಲು ಹಾರಿಸಿರ್ತಾನೆ ನೋಡ್ಕೊಳ್ಳಿ. ಇಡೀ ಬರಹ ಮೂವತ್ತು ನಲವತ್ತು ಪುಟ, ಒಂದು ಸಂಜೆ ಕೆಲಸ.

ತ್ವೇರ್ ಸಂಸ್ಥಾನದ ಪೂರ್ತಿ ಇತಿಹಾಸ ಮಾತ್ರ ಬರೆದದ್ದು ಒಬ್ಬ ಜರ್ಮನ್, ಎಕೆಹಾರ್ಡ್ ಕ್ಲೂಗ್, 1985ರಲ್ಲಿ. 1994ರಲ್ಲಿ ಅದು ರಷ್ಯನ್‌ಗೆ ಅನುವಾದ ಆಗಿ ತ್ವೇರಲ್ಲೇ ಅಚ್ಚಾಯ್ತು. ಅದಕ್ಕೂ ಮುಂಚಿಂದು ಬೊರ್ಜಾಕೊವ್ಸ್ಕಿ ಅವರದ್ದು, 1876. ನಮ್ಮ ಇತಿಹಾಸ ಬ್ರಿಟಿಷರು ಬರೆದ್ರು ಅಂತ ನಾವು ಬೇಜಾರ್ ಮಾಡ್ಕೊಳ್ತೀವಲ್ಲ, ಅಲ್ಲೂ ಅದೇ ಪಾಡು. ಗೆದ್ದೋರು ಮಾಸ್ಕೋದವರು, ಸೋತ ಊರಿನ ಕಥೆ ಯಾರಿಗ್ ಬೇಕು.

ಡಾಕ್ಟ್ರಮ್ಮ:
ಈಚಿನ ಕಾಲದ ತ್ವೇರ್ ಬೇಕು ಅಂದ್ರೆ ಸಾಹಿತ್ಯ ಕಡೆ ಬನ್ನಿ. ರದಿಷ್ಚೆವ್ 1790ರಲ್ಲಿ ಬರೆದ ಪೀಟರ್ಸ್‌ಬರ್ಗಿಂದ ಮಾಸ್ಕೋವರೆಗಿನ ಪಯಣದಲ್ಲಿ ಒಂದೊಂದು ಅಂಚೆ ನಿಲ್ದಾಣಕ್ಕೂ ಒಂದು ಅಧ್ಯಾಯ, ತ್ವೇರ್ ಅಧ್ಯಾಯದಲ್ಲೇ ಸ್ವಾತಂತ್ರ್ಯದ ಮೇಲಿನ ಪದ್ಯ ಬರೋದು. ಆ ಪುಸ್ತಕಕ್ಕೆ ಅವನಿಗೆ ಮರಣದಂಡನೆ ಹಾಕಿ ಆಮೇಲೆ ಸೈಬೀರಿಯಾಕ್ಕೆ ಇಳಿಸಿದ್ರು. ಸಾಲ್ತಿಕೊವ್ ಶ್ಚೆದ್ರಿನ್ 1860ರಿಂದ 62ರವರೆಗೆ ಅಲ್ಲಿ ವೈಸ್ ಗವರ್ನರ್ ಆಗಿದ್ದ, ಹುಟ್ಟಿದ್ದೂ ತ್ವೇರ್ ಪ್ರಾಂತ್ಯದಲ್ಲೇ. ಅವನ ಒಂದು ಊರಿನ ಇತಿಹಾಸ ಅನ್ನೋ ಪುಸ್ತಕದಲ್ಲಿ ಬರೋ ಊರಿನ ಹೆಸರು ಗ್ಲುಪೊವ್, ಕನ್ನಡದಲ್ಲಿ ಪೆದ್ದೂರು ಅನ್ಬೋದು. ಒಬ್ಬರಾದ ಮೇಲೆ ಒಬ್ಬ ಹುಚ್ಚು ಗವರ್ನರ್, ಒಬ್ಬನ ತಲೆ ಒಳಗೆ ಮಿದುಳಿನ ಬದಲು ಮ್ಯೂಸಿಕ್ ಬಾಕ್ಸ್. ಇದು ನಮ್ಮೂರೇ ಅಂತ ತ್ವೇರಿನೋರು ಹೆಮ್ಮೆಯಿಂದ ಹೇಳ್ಕೊಳ್ತಾರೆ ಅನ್ನೋದೇ ಜೋಕು.

ದೋಸ್ತೊಯೆವ್ಸ್ಕಿನೂ 1859ರಲ್ಲಿ ಕೆಲವು ತಿಂಗಳು ಅಲ್ಲಿದ್ದ, ಗಡಿಪಾರು ಮುಗಿಸ್ಕೊಂಡು ವಾಪಸ್ ಬರುವಾಗ, ಪೀಟರ್ಸ್‌ಬರ್ಗಿಗೆ ಇನ್ನೂ ಬಿಟ್ಟಿರ್ಲಿಲ್ಲ. ತ್ವೇರ್ ಸೆಮಿಪಲಾತಿನ್ಸ್ಕ್‌ಗಿಂತ (ಗಡಿಪಾರಲ್ಲಿ ಅವನಿದ್ದ ಊರು) ಕಡೆ ಅಂತ ಪತ್ರ ಬರೆದಿದ್ದಾನೆ. ಮೊದಲ ಚಳಿಗಾಲದಲ್ಲಿ ನಾನೂ ಅಮ್ಮನಿಗೆ ಫೋನಲ್ಲಿ ಹೆಚ್ಚುಕಮ್ಮಿ ಇದನ್ನೇ ಹೇಳಿದ್ದೆ. ಈಗ ನೆನಪಾದ್ರೆ ಕಣ್ಣು ತುಂಬುತ್ತೆ, ಅದು ಬೇರೆ ಮಾತು.

ಕಡಲತಡಿ:
ಹೊಳೆ ಕಥೆ ಇಡಿಯಾಗಿ ಬೇಕಾದ್ರೆ ಜಾನೆಟ್ ಹಾರ್ಟ್ಲಿ ಅವರ ದಿ ವೋಲ್ಗಾ, 2021ರದ್ದು, ಸುಲಭವಾಗಿ ಓದಿಸಿಕೊಂಡು ಹೋಗ್ತದೆ, ಬುಲ್ಗಾರರಿಂದ ಸ್ಟಾಲಿನ್‌ಗ್ರಾದ್ ದಾಟಿ ಈಚಿನವರೆಗೆ. ಅದರ ಪಕ್ಕ ಸ್ಟೀಫನ್ ಡೇಲ್ ಅವರ ಇಂಡಿಯನ್ ಮರ್ಚಂಟ್ಸ್ ಆಂಡ್ ಯುರೇಷಿಯನ್ ಟ್ರೇಡ್ ಇಟ್ಟುಕೊಳ್ಳಿ. ನಿಕಿತಿನ್ ನಂತರ ದಾರಿ ತಿರುಗಿತು, 1600ರ ನಂತರ ನಮ್ಮವರೇ, ಹೆಚ್ಚಿನವರು ಮುಲ್ತಾನಿನವರು, ಆಸ್ಟ್ರಖಾನಿನಲ್ಲಿ ಹೋಗಿ ಅಂಗಡಿ ಇಟ್ಟಿದ್ದಾರೆ. ಇವ ಲೂಟಿಯಾದ ಜಾಗದಲ್ಲೇ.

ಬೀದರ್_ಬಿಸಿಲು:
ಈ ಕಡಿ ದಡದ ಪುಸ್ತಕಾನೂ ಬರ್ಕೊಳ್ರಿ. ಯಜ್ದಾನಿ ಅವರ ಬೀದರ್ ಪುಸ್ತಕ, 1947, ಒಂದೊಂದು ಗೋಡಿನೂ ಅಳದು ಬರ್ದಾರ. ರಿಚರ್ಡ್ ಈಟನ್ ಅವರ ಎ ಸೋಷಿಯಲ್ ಹಿಸ್ಟರಿ ಆಫ್ ದಿ ಡೆಕ್ಕನ್, 2005, ಅದರಾಗ ಗಾವಾನನ ಮ್ಯಾಲೇ ಒಂದು ಅಧ್ಯಾಯ ಅದ. ಗಾವಾನ್ ಹುಟ್ಟಿದ್ದು ಗೀಲಾನ್‌ದಾಗ, ಕ್ಯಾಸ್ಪಿಯನ್ ದಂಡಿಗೆ. ವೋಲ್ಗಾ ಹೋಗಿ ಬೀಳೂದೂ ಅದೇ ಸಮುದ್ರಕ್ಕ. ಅವನೂ ವ್ಯಾಪಾರಕ್ಕಂತನೇ 1453ರಾಗ ದಾಭೋಲ್‌ದಾಗ ಇಳ್ದವ, ಬೀದರಿಗಿ ಬಂದು ವಜೀರ ಆದ. ನಿಕಿತಿನ್ ಅದೇ ದಾಭೋಲ್‌ದಿಂದ ಬರೇ ಕೈಲೆ ಹಡಗ ಹತ್ತಿದ. ಒಂದೇ ಸಮುದ್ರದ ಕಡಿಂದ ಬಂದ ಇಬ್ಬರು ನೋಡ್ರಿ, ಒಬ್ಬಂದು ಮದರಸಾ ನಿಂತದ, 1472ರದ್ದು, 1696ರಾಗ ಸಿಡಿಮದ್ದಿಗಿ ಅರ್ಧ ಹಾರಿ ಹೋದ್ರೂ ನಿಂತದ. ಇನ್ನೊಬ್ಬ ಊರೂ ಮುಟ್ಲಿಲ್ಲ, ಸ್ಮೊಲೆನ್ಸ್ಕ್ ಮುಟ್ಟೂಕಿಂತ ಮೊದಲೇ ತೀರ್ಕೊಂಡ. ಅವನ ಹಾಳಿ ಮಾತ್ರ ಮಾಸ್ಕೋ ಮುಟ್ಟಿದ್ವು.

ಕೆರೆದಂಡೆ:
ಹಾಳೆ ಮಾಸ್ಕೋ ಮುಟ್ಟಿದ್ದು, ತ್ವೇರ್ ಅಲ್ಲ. 1475ರ ಹೊತ್ತಿಗೆ ಮಾಸ್ಕೋ ದೊರೆಯ ಕಾರಕೂನನ ಕೈಗೆ ವ್ಯಾಪಾರಿಗಳು ತಂದುಕೊಟ್ರು, ಅಲ್ಲಿನ ಕ್ರಾನಿಕಲ್‌ಗೆ ಸೇರಿಸ್ಕೊಂಡ್ರು. ಊರು ನುಂಗೋಕೆ ಹತ್ತು ವರ್ಷ ಮುಂಚೆ ಊರಿನವನ ಪುಸ್ತಕ ಹೋಗಿತ್ತು. ಹಕ್ಲೂಟ್ ಅನುವಾದ ನಿನ್ನೆ ರಾತ್ರಿ ಕೂತು ಮುಗಿಸ್ದೆ. ಕುದುರೆನ ಬೀದರಲ್ಲಿ ಮಾರಿದ, ಒಂದು ವರ್ಷ ಸಾಕಿದ್ದಕ್ಕೆ 68 ಫುತುನ್ (ಆಗಿನ ನಾಣ್ಯ) ಖರ್ಚು ಅಂತ ಲೆಕ್ಕ ಇದೆ, ಇಲ್ಲಿ ಕುದುರೆಗೆ ಕಡಲೆ ಹಾಕ್ತಾರೆ, ಕಿಚಡಿಗೆ ಸಕ್ಕರೆ ತುಪ್ಪ ಹಾಕಿ ತಿನ್ನಿಸ್ತಾರೆ ಅಂತ. ಪಾಪ ಖರ್ಚಾಗ್ದೆ ಇನ್ನೇನು.

ಆಳಂದದ ಸಂತೆ ಬಗ್ಗೆನೂ ಇದೆ, ಶೇಖ್ ಅಲಾವುದ್ದೀನ್ ಹೆಸರಲ್ಲಿ ಹತ್ತು ದಿನ ನಡೆಯೋದು, 20 ಸಾವಿರ ಕುದುರೆ ಬರ್ತವೆ ಅಂತ. ಆ ದರ್ಗಾ ಈಗಲೂ ಇದೆಯಲ್ವಾ? ಉರುಸ್ ಟೈಮಲ್ಲೇ ಬರ್ಬೇಕು ಅಂತಿದೀನಿ, ಯಾವ ತಿಂಗಳು?

ಬೀದರ್_ಬಿಸಿಲು:
ಹೌದ್ರಿ, ಈಗೂ ಅದ, ಲಾಡ್ಲೆ ಮಶಾಕ್ ದರ್ಗಾ ಅಂತಾರ. ತಿಂಗಳು ಹಿಂಗೇ ಅಂತ ಹೇಳ್ಲಿಕ್ಕ ಬರಂಗಿಲ್ಲ, ಚಂದ್ರನ ಲೆಕ್ಕ, ವರ್ಷಾ ಹಿಂದ ಸರೀತದ.

ಸುಮ್ನೆಓದುಗ:
ನಿಕಿತಿನ್ ಸಿಕ್ಕಾಕ್ಕೊಂಡಿದ್ದೂ ಅಲ್ಲೇ 😂 ಹಳೇ ಪುಸ್ತಕಗಳಲ್ಲಿ ಅವನ ಪ್ರಯಾಣ 1466ರಿಂದ 72 ಅಂತ ಇರುತ್ತೆ, ಆಮೇಲೆ ಅವನೇ ಬರೆದ ಈದು, ಈಸ್ಟರ್ ಹಿಂದುಮುಂದೆ ಬಂದ ಲೆಕ್ಕ ಹಿಡಿದು 1468ರಿಂದ 74 ಅಂತ ತಿದ್ದಿದ್ರು. ಪುಸ್ತಕ ಕಳ್ಕೊಂಡು ದಿನ ಗೊತ್ತಾಗ್ದೆ ಅಂದಾಜಲ್ಲಿ ಬರ್ಕೊಂಡಿದ್ದೇ ಕೊನೆಗೆ ಕೆಲಸಕ್ಕೆ ಬಂತು.

ಕೆರೆದಂಡೆ:
ಬಿಸಿಲು ಅಣ್ಣ, ಡೇಟ್ ಗೊತ್ತಾದ್ರೆ ಇಲ್ಲೇ ಹಾಕಿ. ರೈಲು ಬುಕ್ ಮಾಡ್ಬೇಕು.